ಇಪ್ಪತ್ತೆರಡು ದಿನಗಳ ಚಾರ್ಜು

೪ ನವೆಂಬರ್ ೧೯೫೭, ಸೋಮವಾರ

ಬೆಳಿಗ್ಗೆ ಏಳಕ್ಕೆ ಠಾಣೆಗೆ ಹಾಜರು. ಹನ್ನೊಂದಕ್ಕೆ ಸಾಹೇಬರು ಕರೆಸಿ ಮುಂಬಯಿ ಸರ್ಕಾರದ ಹೊಸ ಆದೇಶ ಓದಿ ಹೇಳಿದರು. ಒಂದು ನಕಲನ್ನೂ ಕೊಟ್ಟರು.

ಹದಿನೆಂಟು ವರ್ಷ ಠಾಣೆಯ ಡೈರಿಯಲ್ಲಿ ಊರವರ ಸುದ್ದಿ ಬರೆದೆ. ನನ್ನ ಸುದ್ದಿ ಬರೆದಿಟ್ಟುಕೊಳ್ಳಬೇಕು ಅನಿಸಿದ್ದು ಇವತ್ತೇ. ಮುಂದೆ ವಾದಕ್ಕೆ ಬಂದರೆ ತಾರೀಖುಗಳು ಬೇಕಾಗುತ್ತವೆ. ಅದಕ್ಕಾಗಿ ಈ ನೋಟುಬುಕ್ಕು.

ಆದೇಶದ ಸಾರಾಂಶ: ೧೯೫೨ರಲ್ಲಿ ದಾರೂಬಂದಿ (ಪಾನನಿಷೇಧ) ಕೇಸುಗಳು ಹೆಚ್ಚಾದವೆಂದು ಓದುಬರಹ ಬಲ್ಲ ಕೆಲವು ಹವಾಲ್ದಾರರಿಗೆ ಫೌಜದಾರರಾಗಿ (ಸಬ್ ಇನ್ಸ್‌ಪೆಕ್ಟರ್) ಹಂಗಾಮಿ ಬಡ್ತಿ ಕೊಟ್ಟಿದ್ದರಷ್ಟೆ. ಅಂಥವರಲ್ಲಿ, ಬಡ್ತಿ ಸಿಕ್ಕ ದಿನದಿಂದ ಒಂದು ದಿನವೂ ಕಡಿಯದಂತೆ ಫೌಜದಾರಿಕೆ ಮಾಡಿದವರನ್ನು ಹಿರಿತನದ ಪ್ರಕಾರ ಖಾಲಿ ಇರುವ ಹುದ್ದೆಗಳಲ್ಲಿ ಕಾಯಂ ಮಾಡುವುದು. ಉಳಿದವರನ್ನು ಮೂಲ ಹುದ್ದೆಗೆ ಮರಳಿಸುವುದು. ಆಕ್ಷೇಪಣೆ ಇದ್ದವರು ಡಿಸೆಂಬರ್ ಮೂವತ್ತೊಂದರೊಳಗೆ ಕೊಡುವುದು.

ನಮ್ಮ ವಿಭಾಗದಲ್ಲಿ ಖಾಲಿ ಇರುವುದು ಒಂದೇ ಹುದ್ದೆ. ಹಂಗಾಮಿಗಳು ಇಬ್ಬರು. ನಾನು ಮತ್ತು ಚೆನ್ನಯ. ಅವನ ಬಡ್ತಿಯ ಆದೇಶ ಮಾರ್ಚಿನದು, ನನ್ನದು ಜೂನಿನದು. ಅವನು ನನಗಿಂತ ಮೂರು ತಿಂಗಳು ಹಿರಿಯ.

ಅಂದರೆ ನಾನು ಹೋದೆ.

ಮನೆಯವಳಿಗೆ ಹೇಳಿಲ್ಲ.

೮ ನವೆಂಬರ್, ಶುಕ್ರವಾರ

ಮಧ್ಯಾಹ್ನ ಪಟ್ಟಿ ಹಚ್ಚಿದರು. ಮೊದಲ ಹೆಸರು ನನ್ನದು! ಎರಡು ಸಲ ಓದಿದೆ. ನಂತರ ನೀರು ಕುಡಿದು ಬಂದು ಇನ್ನೊಂದು ಸಲ ಓದಿದೆ.

ಚೆನ್ನಯನ ಹೆಸರಿನ ಮುಂದೆ ಕೆಂಪು ಶಾಯಿಯಲ್ಲಿ, ೧೯೫೪ರ ಆಗಸ್ಟ್ ಒಂದರಿಂದ ಇಪ್ಪತ್ತೆರಡರವರೆಗೆ ಸೇವೆ ಕಡಿದಿದೆ ಎಂದು ಬರೆದಿದ್ದಾರೆ. ಆಗ ಅವನ ಹುದ್ದೆಯ ಮಂಜೂರಾತಿ ಮುಗಿದು, ಹೊಸ ಮಂಜೂರಾತಿ ಬರಲು ಇಪ್ಪತ್ತೆರಡು ದಿನ ಹಿಡಿದಿತ್ತು. ಕಾಗದದ ಮೇಲೆ ಅಷ್ಟು ದಿನ ಅವನು ಹವಾಲ್ದಾರ. ಆದ್ದರಿಂದ ಅವನ ಫೌಜದಾರಿಕೆಯ ಲೆಕ್ಕ ಮತ್ತೆ ಐವತ್ತನಾಲ್ಕರಿಂದ. ನನ್ನದು ಐವತ್ತೆರಡರಿಂದ, ಅಖಂಡ.

ಮನೆಗೆ ಬರುವಾಗ ಪರೇಲ್ ನಾಕಾದಲ್ಲಿ ಜಿಲೇಬಿ ಕಟ್ಟಿಸಿಕೊಂಡೆ. ಮನೆಯವಳಿಗೆ ಎಲ್ಲ ಹೇಳಿದೆ. ಮಗಳು ಸರೂ ಎರಡು ಜಿಲೇಬಿ ತಿಂದು ಮೂರನೆಯದಕ್ಕೆ ಕೈಹಾಕಿದಳು. ಮನೆಯವಳು ಮಾತ್ರ ಕೈಯಲ್ಲಿ ಹಿಡಿದುಕೊಂಡೇ ಕೇಳಿದಳು, "ಹಂಗಾರ ಚೆನ್ನಯ ಅಣ್ಣಾರದು ಏನ್ರಿ?"

"ಅಂವಾ ಹವಾಲ್ದಾರ ಆಗ್ತಾನ. ಕಾಯ್ದೆ ಅದ. ನಾ ಏನ ಮಾಡ್ಲಿ?"

ಸಂತೋಷದ ದಿನ ಇಂಥ ಪ್ರಶ್ನೆ ಯಾಕೆ ಕೇಳಬೇಕು?

೧೦ ನವೆಂಬರ್, ಭಾನುವಾರ

ಪಟ್ಟಿಗೆ ಜೋಡಿಸಲು ನನ್ನ ಹಳೆಯ ಆದೇಶಗಳ ನಕಲು ಬೇಕಿತ್ತು. ಟ್ರಂಕು ತೆಗೆದೆ. ಜೂನ್ ಐವತ್ತೆರಡರ ಆದೇಶ ಸಿಕ್ಕಿತು.

ಅದರ ಕೆಳಗೆ ಒಂದು ಚಾರ್ಜ್ ಚೀಟಿ ಸಿಕ್ಕಿತು. ಒಬ್ಬರ ಜಾಗಕ್ಕೆ ಇನ್ನೊಬ್ಬರು ಬಂದಾಗ ಇಬ್ಬರೂ ಸಹಿ ಮಾಡುವ ಕಾಗದ. ತಾರೀಖು ೧-೮-೫೪. 'ಫೌಜದಾರಿಕೆಯ ಚಾರ್ಜು ಕೊಟ್ಟವರು' ಎಂಬಲ್ಲಿ ನನ್ನ ಸಹಿ. 'ಚಾರ್ಜು ಪಡೆದವರು' ಎಂಬಲ್ಲಿ ಚೆನ್ನಯನ ಸಹಿ. ಕೆಳಗೆ ಆಗಿನ ಸಾಹೇಬರ ಸಿಕ್ಕಾ.

ಮರೆತೇಬಿಟ್ಟಿದ್ದೆ. ಆ ಇಪ್ಪತ್ತೆರಡು ದಿನ ನಾನು ವಿಷಮಜ್ವರದಿಂದ ಆಸ್ಪತ್ರೆಯಲ್ಲಿದ್ದೆ. ನನ್ನದು ಕಾಯಿಲೆ ರಜೆ, ಅದು ಸೇವೆಯಲ್ಲೇ ಲೆಕ್ಕ. ನನ್ನ ಕುರ್ಚಿಯಲ್ಲಿ ಕುಳಿತು ಕೆಲಸ ಮಾಡಿದವನು ಚೆನ್ನಯ. ಕಾಗದದ ಮೇಲೆ ಹವಾಲ್ದಾರ, ಕೆಲಸದಲ್ಲಿ ಫೌಜದಾರ. ಈ ಚೀಟಿ ಇದ್ದರೆ ಅವನ ಸೇವೆ ಕಡಿದಿಲ್ಲ.

ಚೀಟಿಯನ್ನು ಮಡಚಿ ಟ್ರಂಕಿನ ತಳಕ್ಕೆ ಹಾಕಿದೆ. ಮೇಲೆ ಚಳಿಗಾಲದ ಬಟ್ಟೆ ಇಟ್ಟೆ.

೧೨ ನವೆಂಬರ್, ಮಂಗಳವಾರ

ಕೆಲಸ ಬಹಳ. ಬರೆಯುವಂಥದ್ದು ಏನೂ ಇಲ್ಲ.

೧೮ ನವೆಂಬರ್, ಸೋಮವಾರ

ಸಂಜೆ ಆರೂಕಾಲು. ಚೆನ್ನಯ ವಡಾಲದಿಂದ ನಮ್ಮ ಠಾಣೆಗೆ ಬಂದ. ಹೊರಗಿನ ಬೇವಿನ ಮರದ ಕೆಳಗೆ ನಿಂತು ಮಾತಾಡಿದೆವು. ಇಳಿದುಹೋಗಿದ್ದಾನೆ. ಅವನು ದಕ್ಷಿಣ ಕನ್ನಡದವನು. ಮುಂಬಯಿಗೆ ಬಂದು ಇಪ್ಪತ್ತು ವರ್ಷವಾದರೂ ಮಾತು ಇನ್ನೂ ಆ ಕಡೆಯದೇ.

"ಶಂಕ್ರಣ್ಣ, ಆಕ್ಷೇಪಣೆ ಹಾಕ್ಲಿಕ್ಕೆ ನಂಗೆ ಕಾಗದ ಬೇಕು. ಐವತ್ತೈದರ ಮಳೆಗೆ ದಫ್ತರದ ಕೋಣೆಗೆ ನೀರು ಹೋಗಿ ಐವತ್ತನಾಲ್ಕರದ್ದು ಎಲ್ಲ ಹಾಳಾಗಿದೆ, ನನ್ನ ಪ್ರತಿಯೂ ಅದ್ರಲ್ಲೇ ಹೋಯ್ತು. ಬಾಯಲ್ಲಿ ಹುಕುಂ ಕೊಟ್ಟ ಸಾಹೇಬ್ರು ತೀರಿಹೋದ್ರು. ನೀವು ಆಸ್ಪತ್ರೆಲಿ ಇರುವಾಗ ನಾವೊಂದು ಚಾರ್ಜ್ ಚೀಟಿ ಮಾಡಿದ್ದೆವಲ್ಲ, ಅದರ ನಿಮ್ಮ ಪ್ರತಿ ಎಲ್ಲಿಯಾದ್ರೂ ಉಂಟಾ?"

"ನೋಡಿದೆ. ಟ್ರಂಕ್ ಎಲ್ಲಾ ಹುಡುಕಿದೆ. ಇಲ್ಲಪಾ," ಎಂದೆ.

"ಹೌದು, ಮೂರು ವರ್ಷ ಆಯ್ತಲ್ಲ. ಯಾರು ಇಟ್ಕೊಳ್ತಾರೆ ಅದನ್ನು," ಎಂದ. ತಕ್ಷಣ ನಂಬಿದ. ಹೊರಡುವಾಗ ಸರೂಗೆಂದು ತೆಂಗಿನಕಾಯಿ ಬರ್ಫಿಯ ಪೊಟ್ಟಣ ಕೊಟ್ಟ. ಅವನ ಹೆಂಡತಿ ವಾರಿಜಾ ಮಾಡಿ ಕಳಿಸಿದ್ದಂತೆ.

ಒಂದೆರಡು ಪ್ರಶ್ನೆ ಕೇಳಿದ್ದರೂ ಆಗುತ್ತಿತ್ತು. ಎಲ್ಲಿ ಹುಡುಕಿದಿರಿ, ಇನ್ನೊಮ್ಮೆ ನೋಡ್ತೀರಾ ಎಂದು ಕೇಳಬಹುದಿತ್ತು. ಇಷ್ಟು ವರ್ಷದ ನೌಕರಿಯಲ್ಲಿ ಸುಳ್ಳು ಹೇಳುವವರನ್ನು ದಿನಾ ನೋಡಿದ್ದೇನೆ. ಅವರು ಮಾತು ಮುಗಿಸಿ ನೆಲ ನೋಡುತ್ತಾರೆ. ನಾನು ಬೇವಿನ ಮರ ನೋಡುತ್ತಿದ್ದೆ.

೨೪ ನವೆಂಬರ್, ಭಾನುವಾರ

ಸರೂ ಒಲೆಯ ಮುಂದೆ ಕೂತು ತಾಯಿಗೆ ಏನೋ ತುಳು ಹಾಡು ಹೇಳಿಕೊಡುತ್ತಿದ್ದಳು. "ಇದನ್ನು ಎಲ್ಲಿ ಕಲಿತೆ?" ಎಂದೆ. "ವಾರಿಜಾ ಮೌಶಿ ಮನ್ಯಾಗ. ನೀವು ದವಾಖಾನ್ಯಾಗ ಇದ್ದಾಗ," ಎಂದಳು.

ಆಗ ಅವಳಿಗೆ ಒಂಬತ್ತು ವರ್ಷ. ಮನೆಯವಳು ಹಗಲೂ ರಾತ್ರಿ ನನ್ನ ಹಾಸಿಗೆಯ ಪಕ್ಕ ನೆಲದ ಮೇಲೆ ಇದ್ದಳು. ಮಗುವನ್ನು ವಾರಿಜಾ ವಡಾಲಕ್ಕೆ ಕರೆದುಕೊಂಡು ಹೋಗಿದ್ದಳು. ಅವರಿಗೆ ಮಕ್ಕಳಿಲ್ಲ. ಇಪ್ಪತ್ತೆರಡು ದಿನ ಚೆನ್ನಯ ಬೆಳಿಗ್ಗೆ ಮಗುವನ್ನು ನಮ್ಮ ಕಡೆಯ ಕನ್ನಡ ಶಾಲೆಗೆ ಬಿಟ್ಟು, ನನ್ನ ಕುರ್ಚಿಯಲ್ಲಿ ಕುಳಿತು ನನ್ನ ಕೆಲಸ ಮಾಡಿ, ಸಂಜೆ ಗಂಜಿಯ ಡಬ್ಬಿ ಹಿಡಿದು ಆಸ್ಪತ್ರೆಗೆ ಬರುತ್ತಿದ್ದ. ಬಂದವನು ಠಾಣೆಯ ಸುದ್ದಿ ಹೇಳುತ್ತಿದ್ದ. ನನಗೆ ಕೇಳುವ ತ್ರಾಣ ಇರಲಿಲ್ಲ. ಆದರೂ ಹೇಳುತ್ತಿದ್ದ, ಸುಮ್ಮನೆ ಬಿಟ್ಟರೆ ನಾನು ಹೋಗಿಬಿಡುತ್ತೇನೆ ಎಂದು ಹೆದರಿದ್ದನಂತೆ. ಆಮೇಲೆ ಯಾವಾಗಲೋ ನಗುತ್ತ ಹೇಳಿದ.

ಇದನ್ನೆಲ್ಲ ಯಾಕೆ ಬರೆದೆ? ವಾದಕ್ಕೆ ಇದರ ಉಪಯೋಗ ಇಲ್ಲ.

೫ ಡಿಸೆಂಬರ್, ಗುರುವಾರ

ಇವತ್ತು ಅಣ್ಣುವನ್ನು ನೋಡಿದೆ. ಅವನೂ ನಮ್ಮ ಜೊತೆ ಬಡ್ತಿ ಪಡೆದವನು, ಬೇರೆ ವಿಭಾಗದವನು. ಅಲ್ಲಿ ಯಾರದೂ ಆಕ್ಷೇಪಣೆ ಇಲ್ಲದೆ ಪಟ್ಟಿ ಬೇಗ ತೀರ್ಮಾನವಾಗಿ, ಹೋದ ತಿಂಗಳು ಹವಾಲ್ದಾರನಾಗಿ ಮರಳಿದ್ದಾನೆ.

ಪರೇಲ್ ನಾಕಾದಲ್ಲಿ ಮಿಲ್ಲು ಬಿಟ್ಟ ಹೊತ್ತು. ಜನಸಾಗರದ ನಡುವೆ ನಿಂತಿದ್ದ. ನೀಲಿ ಅಂಗಿ, ನೀಲಿ ಹಾಫ್ ಪ್ಯಾಂಟು, ಹಳದಿ ಟೋಪಿ. ನಲವತ್ತೈದು ವರ್ಷದ ಮನುಷ್ಯ. ಮಗಳ ಮದುವೆ ಮಾಡಿದವನು. ಐದು ವರ್ಷ ಖಾಕಿ ಫುಲ್ ಪ್ಯಾಂಟು ತೊಟ್ಟು ಕುರ್ಚಿಯಲ್ಲಿ ಕೂತಿದ್ದವನು ಶಾಲೆಯ ಹುಡುಗನಂತೆ ಮೊಣಕಾಲು ಬಿಟ್ಟುಕೊಂಡು ನಿಂತಿದ್ದ.

ನನ್ನನ್ನು ಕಂಡು ಸಲಾಮು ಹೊಡೆದ. ಕಾಯ್ದೆಯ ಪ್ರಕಾರ ನಾನು ಕೈ ಎತ್ತಬೇಕಿತ್ತು. ಕೈಯಲ್ಲಿ ಚೀಲ ಇತ್ತು ಎಂದು ನನಗೆ ನಾನೇ ಹೇಳಿಕೊಂಡು ಬಸ್ಸಿನ ಮರೆಯಲ್ಲಿ ನಡೆದುಬಿಟ್ಟೆ. ಚೀಲ ಎಡಗೈಯಲ್ಲಿತ್ತು.

ಊಟ ರುಚಿಸಲಿಲ್ಲ. ನಾನು ಆ ಚಡ್ಡಿ ಹಾಕಿಕೊಳ್ಳುವುದಿಲ್ಲ. ಏನೇ ಆಗಲಿ, ಹಾಕಿಕೊಳ್ಳುವುದಿಲ್ಲ.

೧೫ ಡಿಸೆಂಬರ್, ಭಾನುವಾರ

ಚಳಿ ಬಂತೆಂದು ಮನೆಯವಳು ನಾಗವ್ವ ಟ್ರಂಕಿನ ಬಟ್ಟೆಗಳನ್ನು ಬಿಸಿಲಿಗೆ ಹಾಕಲು ತೆಗೆದಳಂತೆ. ನಾನು ಸ್ನಾನ ಮುಗಿಸಿ ಬಂದಾಗ ಚೀಟಿ ಅವಳ ಕೈಯಲ್ಲಿತ್ತು. ಅವಳು ಊರಲ್ಲಿ ಕನ್ನಡ ಏಳನೆಯ ಇಯತ್ತೆ ಮುಗಿಸಿದವಳು, ಇಂಗ್ಲಿಷ್ ಬರುವುದಿಲ್ಲ. ಆದರೆ ತಾರೀಖು ಓದಲು ಯಾವ ಭಾಷೆ ಬೇಕು?

"ಇದು ನಿಮಗ ಜ್ವರ ಬಂದಾಗಿಂದ ಅಲ್ರಿ?"

"ಹೂಂ."

"ಇದು ಚೆನ್ನಯ ಅಣ್ಣಾರ ಸಹಿ."

"ಹೂಂ."

"ವಾರಿಜಾ ಹೇಳಿದ್ಲು, ಅವರು ಒಂದ ಚೀಟಿ ಸಲುವಾಗಿ ಎಲ್ಲಾ ಕಡೆ ಅಲದಾಡಾಕತ್ತಾರಂತ. ಅದು ಇದ ಏನ್ರಿ?"

ಮೂರನೆಯ ಸಲ ಹೂಂ ಎನ್ನಲು ನನಗೆ ಆಗಲಿಲ್ಲ. ಸಿಟ್ಟು ಬಂತು. ಬಂದ ಸಿಟ್ಟನ್ನೆಲ್ಲ ಮಾತಾಗಿ ಸುರಿದೆ. ಈ ಚೀಟಿ ಕೊಟ್ಟರೆ ಏನಾಗುತ್ತದೆ ಗೊತ್ತೇನು? ಈ ಎರಡು ಖೋಲಿಯ ಮನೆ ಬಿಡಬೇಕು. ಹವಾಲ್ದಾರನಿಗೆ ಸಿಗುವುದು ಒಂದೇ ಖೋಲಿ. ಸರೂನ ಶಾಲೆ ಬದಲಾಗಬೇಕು. ನಿನ್ನೆಯವರೆಗೆ ನನ್ನ ಮುಂದೆ ಎದ್ದು ನಿಲ್ಲುತ್ತಿದ್ದ ಪೋರರು ನಾಳೆ ಹೆಗಲ ಮೇಲೆ ಕೈಹಾಕುತ್ತಾರೆ. ಇನ್ನೂ ಏನೇನೋ ಹೇಳಿದೆ. ಅವಳು ಕಂಬಳಿ ಮಡಚುತ್ತ ಕೇಳಿಸಿಕೊಂಡಳು.

ನಾನು ದಣಿದು ಕೂತ ಮೇಲೆ ಹೇಳಿದಳು, "ಖರೇ ಹೇಳ್ತೀನ್ರಿ. ನನಗೂ ಪೊಲೀಸ್ ಲೈನಿನ ಹೆಣ್ಮಕ್ಕಳು ಫೌಜದಾರ್ ಬಾಯಿ ಅಂತ ಕರದ್ರ ಭಾಳ ಸೇರ್ತಿತ್ತು. ನಳದ ಹತ್ರ ನನಗ ಪಾಳಿ ಬಿಡ್ತಿದ್ರು. ಅದು ಹೋಗ್ತದಂದ್ರ ನನಗೂ ಬ್ಯಾಸರ ಆಗ್ತದ."

ಕಂಬಳಿಯನ್ನು ಬದಿಗಿಟ್ಟಳು.

"ಆದ್ರ ಆವಾಗ ನೀವು ಉಳಿಯೂದಿಲ್ಲಂತ ಡಾಕ್ಟರ್ ಹೇಳಿದ್ರು. ಅದನ್ನ ನಿಮಗ ಯಾರೂ ಹೇಳಿಲ್ಲ. ನನಗ ಹೇಳಿದ್ರು, ಚೆನ್ನಯ ಅಣ್ಣಾರಿಗೆ ಹೇಳಿದ್ರು. ಅವತ್ತ ಅವರು ಹೊರಗ ವರಾಂಡದಾಗ ಗ್ವಾಡಿ ಕಡೆ ಮಾರಿ ಮಾಡಿ ನಿಂತಿದ್ರು. ಆಮ್ಯಾಲ ಕಣ್ಣ ಒರಸಿಕೊಂಡು ಒಳಗ ಬಂದು ನಿಮ್ಮ ಮುಂದ ಠಾಣಾದ ಸುದ್ದಿ ಹೇಳಿಕೋತ ಕುಂತ್ರು."

ಚೀಟಿಯನ್ನು ನನ್ನ ಮುಂದಿಟ್ಟಳು. "ನಿಮಗ ಹೆಂಗ ತಿಳೀತದ ಹಂಗ ಮಾಡ್ರಿ," ಎಂದು ಬಟ್ಟೆ ಎತ್ತಿಕೊಂಡು ಬಿಸಿಲಿಗೆ ಹೋದಳು.

ಅವಳ ಬೈತಲೆಯ ಹತ್ತಿರ ಬಿಳಿಕೂದಲು ಬಂದಿವೆ. ಯಾವಾಗ ಬಂದವೋ.

೧೮ ಡಿಸೆಂಬರ್, ಬುಧವಾರ

ಮಧ್ಯಾಹ್ನ ಹೆಡ್ ಕ್ಲಾರ್ಕ್ ರಾಮಸ್ವಾಮಿಯವರ ಮೇಜಿನ ಹತ್ತಿರ ಹೋಗಿ ಕೂತೆ. ಮೈಸೂರಿನ ಕಡೆಯವರು. ಪಟ್ಟಿಗಳೆಲ್ಲ ಅವರ ಕೈಯಿಂದಲೇ ಹೋಗುತ್ತವೆ. ಹೆಸರು ಹೇಳದೆ ಕೇಳಿದೆ: ಒಬ್ಬನ ಹತ್ತಿರ ಚಾರ್ಜ್ ಚೀಟಿ ಸಿಕ್ಕರೆ ಸಾಕೇ?

ಅವರು ಕನ್ನಡಕ ತೆಗೆದು ಒರೆಸಿದರು. "ಚೀಟಿ ಒಂದೇ ಸಾಲದು ಸ್ವಾಮಿ. ಅದು ನಕಲಿ ಅಂತ ಯಾರಾದ್ರೂ ಅಂದುಬಿಡಬಹುದು. ಚಾರ್ಜು ಕೊಟ್ಟೋನು ಬಂದು, ಹೌದು, ನಾನೇ ಕೊಟ್ಟೆ, ಇವನೇ ಕೆಲಸ ಮಾಡ್ದ ಅಂತ ಹೇಳಿಕೆ ಬರೆದುಕೊಡಬೇಕು. ಆದ್ರೆ ಆ ಚಾರ್ಜು ಕೊಟ್ಟೋನಿಗೆ ಹಾಗೆ ಹೇಳೋದ್ರಿಂದ ಏನು ಬರುತ್ತೆ ಅಂತ ಅವನೂ ಯೋಚನೆ ಮಾಡ್ಬೇಕಲ್ವೆ?"

"ಯೋಚನೆ ಮಾಡಬೇಕು," ಎಂದೆ.

"ನೀವು ನನ್ನನ್ನ ಏನೂ ಕೇಳಿಲ್ಲ, ನಾನು ಏನೂ ಹೇಳಿಲ್ಲ. ಮೂವತ್ತೊಂದು ಸಾಯಂಕಾಲ ಐದು ಗಂಟೆ ತನಕ ನಾನು ಇಲ್ಲೇ ಇರ್ತೀನಿ. ಕಾಫಿ ತರಿಸ್ಲೆ?"

ಕಾಫಿ ಚೆನ್ನಾಗಿತ್ತು.

೨೯ ಡಿಸೆಂಬರ್, ಭಾನುವಾರ

ಬೆಳಿಗ್ಗೆ ಹತ್ತಕ್ಕೆ ವಡಾಲಕ್ಕೆ ಹೋದೆ. ಒಬ್ಬನೇ ಹೋಗುತ್ತೇನೆಂದೆ. ನಾಗವ್ವ ನನ್ನ ಶರ್ಟಿನ ಗುಂಡಿ ಹಾಕಿ, ಚೀಟಿ ಇದ್ದ ಜೇಬನ್ನು ಒಮ್ಮೆ ತಟ್ಟಿದಳು. ಎಲ್ಲಿಗೆ ಎಂದು ನಾನು ಹೇಳಿರಲಿಲ್ಲ.

ವಾರಿಜಾ ನೀರುದೋಸೆ ಹೊಯ್ಯುತ್ತಿದ್ದಳು. ಚೆನ್ನಯ ಬಾಗಿಲಲ್ಲಿ ಕೂತು ಬೂಟಿಗೆ ಪಾಲಿಶ್ ಹಾಕುತ್ತಿದ್ದ. ಕಂಡೊಡನೆ ಎದ್ದು ನಕ್ಕ. "ಬನ್ನಿ ಬನ್ನಿ ಶಂಕ್ರಣ್ಣ. ಸರೂ ಬರ್ಲಿಲ್ವಾ?"

ಕೂರುವ ಮೊದಲೇ ಚೀಟಿ ತೆಗೆದು ಕೊಟ್ಟೆ. ಕೂತರೆ ದೋಸೆ ಬರುತ್ತದೆ, ದೋಸೆ ತಿಂದರೆ ಮಾತು ಬರುವುದಿಲ್ಲ ಎಂದು ನನಗೆ ಗೊತ್ತಿತ್ತು.

ಅವನು ಓದಿದ. ಮತ್ತೆ ಓದಿದ. ಮುಖದಲ್ಲಿ ಮೊದಲು ಬೆಳಕು ಬಂತು. "ಸಿಕ್ಕಿತಾ! ಎಲ್ಲಿ ಸಿಕ್ಕಿತು?"

"ಮೊದಲೇ ಸಿಕ್ಕಿತ್ತು. ನೀ ಕೇಳೂದಕ್ಕಿಂತ ಎಂಟು ದಿನ ಮೊದಲೇ. ಅವತ್ತ ಇಲ್ಲ ಅಂತ ಸುಳ್ಳ ಹೇಳಿದೆ."

ಬೆಳಕು ಹೋಯಿತು. ಬೂಟಿನ ಬ್ರಶ್ಶನ್ನು ನೆಲಕ್ಕಿಟ್ಟ.

"ನಾನು ನಲವತ್ತು ದಿನ ಅಲೆದೆ ಶಂಕ್ರಣ್ಣ. ಸತ್ತ ಸಾಹೇಬರ ಮನೆಗೆ ಹೋಗಿ ಅವರ ಹೆಂಡತಿಯ ಹತ್ರ ಹಳೇ ಪೆಟ್ಟಿಗೆ ತೆಗೆಸಿದೆ. ಆ ಅಮ್ಮ ಅತ್ರು. ನಿಮ್ಮ ಹತ್ರ ಇತ್ತು. ನಿಮ್ಮ ಟ್ರಂಕಿನಲ್ಲಿ."

"ಹೌದು."

"ಬೇರೆ ಯಾರಾದ್ರೂ ಹೀಗೆ ಮಾಡಿದ್ರೆ ಬೈದು ಬಿಡ್ತಿದ್ದೆ. ನಿಮಗೆ ಎಂತ ಹೇಳುದು ನಾನು?" ಚೀಟಿಯನ್ನು ಮರಳಿ ನನ್ನ ಕಡೆ ಚಾಚಿದ. "ನಂಗೆ ಬೇಡ. ತಕೊಂಡು ಹೋಗಿ. ನೀವೇ ಆಗಿ ಫೌಜದಾರ." ಎದ್ದು ಒಳಗಿನ ಕೋಣೆಗೆ ಹೋದ.

ನಾನು ಚೀಟಿ ಹಿಡಿದು ನಿಂತೇ ಇದ್ದೆ. ಒಲೆಯ ಮೇಲೆ ದೋಸೆ ಸೀದು ಹೊಗೆ ಎದ್ದಿತು. ವಾರಿಜಾ ಕಾವಲಿ ಇಳಿಸಿ, ಸೆರಗಿಗೆ ಕೈ ಒರೆಸಿಕೊಂಡು ಬಂದು ನನ್ನ ಕೈಯಿಂದ ಚೀಟಿ ತೆಗೆದುಕೊಂಡಳು.

"ಅವರಿಗೆ ಬೇಡ ಆದ್ರೆ ನಂಗೆ ಬೇಕು," ಎಂದಳು ಒಳಗಿನವನಿಗೂ ಕೇಳುವಂತೆ. "ಇಪ್ಪತ್ತೆರಡು ದಿನ ಮಧ್ಯಾಹ್ನ ಉಣ್ಣದೆ ದುಡಿದದ್ದು ಇವರು. ಅದನ್ನು ಸರ್ಕಾರ ಇಲ್ಲ ಅಂತ ಹೇಳುದು ಹೇಗೆ? ಸಿಟ್ಟು ಬೇಕಾದ್ರೆ ಮಾಡ್ಲಿ, ಅದು ಬೇರೆ. ಚೀಟಿ ಬೇರೆ."

ಆಮೇಲೆ ನನ್ನನ್ನು ನೋಡಿದಳು. ಅವಳ ಕಣ್ಣಲ್ಲಿ ನೀರಿತ್ತು. "ಭಾವ, ಇದು ಕೊಟ್ರೆ ನಿಮ್ಮದು ಹೋಗ್ತದಲ್ಲ?"

"ಹೋಗ್ತದ."

"ಅಕ್ಕನಿಗೆ ಗೊತ್ತುಂಟಾ?"

"ಅಕೀಗೆ ನನಗಿಂತ ಮೊದಲ ಗೊತ್ತಿತ್ತು."

ಚೀಟಿಯೊಂದೇ ಸಾಲದು, ಹೇಳಿಕೆಯನ್ನು ನಾನೇ ಬರೆದುಕೊಡುತ್ತೇನೆ, ಮಂಗಳವಾರ ಚೆನ್ನಯನನ್ನು ಕಚೇರಿಗೆ ಕಳಿಸು ಎಂದೆ. ಅವಳು ಎಲೆಯಲ್ಲಿ ಎರಡು ದೋಸೆ ಸುತ್ತಿ ಸರೂಗೆಂದು ಕೊಟ್ಟಳು. ಚೆನ್ನಯ ಹೊರಗೆ ಬರಲಿಲ್ಲ.

೩೧ ಡಿಸೆಂಬರ್, ಮಂಗಳವಾರ

ಹೇಳಿಕೆ ಕೊಟ್ಟೆ. ಸಾಹೇಬರು ಓದಿ, "ಇದರ ಪರಿಣಾಮ ತಿಳಿದೇ ಸಹಿ ಮಾಡುತ್ತಿದ್ದೀರಾ?" ಎಂದು ಕೇಳಿದರು. ತಿಳಿದೇ ಎಂದೆ. "ಇಷ್ಟು ದಿನ ಯಾಕೆ ಕೊಡಲಿಲ್ಲ?" ಎಂದರು. ಹೆದರಿದ್ದೆ ಎಂದೆ. ಅವರು ಹೇಳಿಕೆಯನ್ನು ಫೈಲಿಗೆ ಹಾಕಿದರು.

ಚೆನ್ನಯ ಅಲ್ಲೇ ಬೆಂಚಿನ ಮೇಲಿದ್ದ. ತನ್ನ ಅರ್ಜಿಗೆ ಸಹಿ ಹಾಕಿದ. ನನ್ನ ಜೊತೆ ಮಾತಾಡಲಿಲ್ಲ. ಅವನ ಸಿಟ್ಟು ನ್ಯಾಯವಾದದ್ದು.

ಮಧ್ಯಾಹ್ನ ಮನೆಗೆ ಬಂದು ಅರ್ಧ ತಾಸು ಮಲಗೋಣವೆಂದು ಒರಗಿದೆ. ಸರೂ ಎಬ್ಬಿಸಿದಾಗ ಸಂಜೆ ಏಳು. ಎರಡು ತಿಂಗಳಲ್ಲಿ ಹೀಗೆ ನಿದ್ದೆ ಬಂದಿರಲಿಲ್ಲ.

೧೪ ಜನವರಿ ೧೯೫೮, ಮಂಗಳವಾರ

ಸಂಕ್ರಮಣ. ರಜೆ ಹಾಕಿದ್ದೆ. ನಾಗವ್ವನ ಜೊತೆ ಬಾಜಾರಕ್ಕೆ ಹೋಗಿ ಚೀಲ ಹಿಡಿದೆ. ಅವಳು ಅವರೆಕಾಯಿಯನ್ನು ಒಂದೊಂದಾಗಿ ಒತ್ತಿ ನೋಡಿ ಆರಿಸುತ್ತಾಳೆ. ಅಷ್ಟು ಹೊತ್ತು ಅಂಗಡಿಯವನ ಜೊತೆ ಅವನ ಮಕ್ಕಳ ಬಗ್ಗೆ ಮಾತಾಡುತ್ತಾಳೆ. ಅವನಿಗೆ ನಾಲ್ಕು ಮಕ್ಕಳು, ಒಬ್ಬನಿಗೆ ಕಿವಿ ಕೇಳಿಸುವುದಿಲ್ಲ. ಇವಳಿಗೆ ಎಲ್ಲ ಗೊತ್ತು.

ಸಜ್ಜೆ ರೊಟ್ಟಿ, ಬದನೆಕಾಯಿ, ಶೇಂಗಾ ಹೋಳಿಗೆ. ಸಂಜೆ ತಾಯಿ ಮಗಳು ಎಳ್ಳುಬೆಲ್ಲ ಕೊಡಲು ವಡಾಲಕ್ಕೆ ಹೋದರು. ನಾನು ಹೋಗಲಿಲ್ಲ. ಮರಳಿ ಬಂದ ಸರೂ ನನ್ನ ಅಂಗೈಯಲ್ಲಿ ಎಳ್ಳುಬೆಲ್ಲ ಹಾಕಿ, "ಇದು ಚೆನ್ನಯ ಕಾಕಾ ಕೊಟ್ಟಿದ್ದು," ಎಂದಳು.

"ನನಗ ಅಂತ ಕೊಟ್ಟನೇನು?"

"ಹೆಸರ ಹೇಳ್ಲಿಲ್ಲ. ಮನ್ಯಾಗ ಕೊಡು ಅಂದ್ರು. ಮನ್ಯಾಗ ಮತ್ಯಾರ ಇದಾರ?"

ಒಂದು ಕಾಳು ಬಿಡದೆ ತಿಂದೆ.

೧೦ ಫೆಬ್ರವರಿ, ಸೋಮವಾರ

ಆದೇಶ ಬಂತು. ಚೆನ್ನಯ ಕಾಯಂ. ನಾನು ಮಾರ್ಚ್ ಒಂದರಿಂದ ಹವಾಲ್ದಾರ, ಅಂಧೇರಿಗೆ ವರ್ಗ.

ರಾಮಸ್ವಾಮಿಯವರು ಆದೇಶ ಕೊಡುವಾಗ ಎದ್ದು ನಿಂತು ಕೊಟ್ಟರು. ಅವರು ಸಾಹೇಬರಿಗೆ ಬಿಟ್ಟು ಯಾರಿಗೂ ಎದ್ದು ನಿಲ್ಲುವವರಲ್ಲ.

ದುಃಖ ಇಲ್ಲ ಎಂದು ಬರೆದರೆ ಸುಳ್ಳಾಗುತ್ತದೆ. ಸಂಜೆ ಲೈನಿನ ಹೊರಗೆ ಎರಡು ಸುತ್ತು ಹೊಡೆದು ಮನೆಗೆ ಬಂದೆ. ನಾಗವ್ವ ನನ್ನ ಮುಖ ನೋಡಿ ಚಹಾ ಇಟ್ಟಳು. ಇಬ್ಬರೂ ಒಂದೇ ಚಾಪೆಯ ಮೇಲೆ ಕೂತು ಕುಡಿದೆವು. ಅವಳ ಹಿಮ್ಮಡಿ ಒಡೆದು ರಕ್ತ ಬಂದಿತ್ತು. ಕೊಬ್ಬರಿ ಎಣ್ಣೆ ಬಿಸಿಮಾಡಿ ತಂದು ಹಚ್ಚಿದೆ. "ಬ್ಯಾಡ್ರಿ, ಸರೂ ನೋಡ್ತಾಳ," ಎಂದು ಕಾಲೆಳೆದುಕೊಂಡಳು. ನೋಡಲಿ ಎಂದೆ.

೧ ಮಾರ್ಚ್, ಶನಿವಾರ

ಸರ್ಕಾರಿ ದರ್ಜಿ ಹೊಲಿದುಕೊಟ್ಟ ನೀಲಿ ಡ್ರೆಸ್ಸು ನಿನ್ನೆ ಬಂದಿತ್ತು. ಬೆಳಿಗ್ಗೆ ಐದಕ್ಕೆ ಎದ್ದು, ಯಾರೂ ನೋಡದಂತೆ ಒಳಗಿನ ಖೋಲಿಯಲ್ಲಿ ಹಾಕಿಕೊಂಡು ಸ್ವಲ್ಪ ಹೊತ್ತು ಅಲ್ಲೇ ನಿಂತೆ. ಕೊನೆಗೆ ಹೊರಬಂದೆ. ಹೊರಬರಲೇಬೇಕಲ್ಲ.

ಸರೂ ಎದ್ದು ಹಲ್ಲುಜ್ಜುತ್ತಿದ್ದಳು. ನನ್ನನ್ನು ಮೇಲಿಂದ ಕೆಳಗೆ ನೋಡಿದಳು. ನಾನು ಉಸಿರು ಹಿಡಿದಿದ್ದೆ.

"ಅಪ್ಪಾ!" ಎಂದಳು. "ನಿಮ್ಮ ಗುಡಘೆ ಏಕದಂ ಗೋರೇ ಅದಾವ!"

ಮೊಣಕಾಲಿಗೆ ಅವಳು ಶಾಲೆಯ ಗೆಳತಿಯರಂತೆ ಮರಾಠಿಯ ಗುಡಘೆಯನ್ನೇ ಬಳಸುತ್ತಾಳೆ. ಬಗ್ಗಿ ನೋಡಿಕೊಂಡೆ. ನಿಜ. ಐದು ವರ್ಷ ಪ್ಯಾಂಟಿನೊಳಗೆ ಬಿಸಿಲು ಕಾಣದೆ ನನ್ನ ಎರಡು ಮೊಣಕಾಲು ಬೇರೆ ಯಾರದೋ ಎಂಬಂತೆ ಬೆಳ್ಳಗಿವೆ. ನಾಗವ್ವ ಒಲೆಯ ಹತ್ತಿರದಿಂದ ಬಂದು ನೋಡಿದಳು. ತುಟಿ ಬಿಗಿಹಿಡಿದಳು. ಆಗಲಿಲ್ಲ. ನಕ್ಕುಬಿಟ್ಟಳು. ಸರೂ ಬಾಯಿಯ ಹಲ್ಲುಪುಡಿಯ ನೊರೆ ಹಾರುವಂತೆ ನಕ್ಕಳು. ನನಗೂ ನಗು ಬಂತು. ಹೊಟ್ಟೆ ಹಿಡಿದು ಕೂರುವಷ್ಟು ಬಂತು.

ಲೋಕಲಿನಲ್ಲಿ ಅಂಧೇರಿಗೆ ಹೋಗುವಾಗಲೂ ನೆನಪಾಗಿ ಒಂದು ಸಲ ನಕ್ಕೆ. ಎದುರು ಕೂತವನು ಹೆದರಿ ಎದ್ದು ಹೋದ.

ಮಧ್ಯಾಹ್ನ ನಾಕಾದಲ್ಲಿ ನಿಂತಾಗ ಬಿಸಿಲು ಜೋರಿತ್ತು. ಸಂಜೆಗೆ ಮೊಣಕಾಲು ಕೆಂಪಾಗಿ ಉರಿಯುತ್ತಿತ್ತು. ಅಣ್ಣುವಿಗೆ ಒಂದು ಪತ್ರ ಬರೆಯಬೇಕು.

೯ ಮಾರ್ಚ್, ಭಾನುವಾರ

ಇವತ್ತು ಮನೆ ಸಾಮಾನು ಅಂಧೇರಿಯ ಲೈನಿಗೆ ಸಾಗಿಸಿದೆವು. ಬೆಳಿಗ್ಗೆ ಬಾಡಿಗೆ ಲಾರಿ ಬಂತು. ಲಾರಿಯ ಹಿಂದೆ, ಹಗ್ಗದ ಸುರುಳಿ ಹೆಗಲಿಗೆ ಹಾಕಿಕೊಂಡು, ಬನಿಯನ್-ಪಂಚೆಯಲ್ಲಿ ಚೆನ್ನಯ ಕೂತಿದ್ದ! ಪಕ್ಕದಲ್ಲಿ ವಾರಿಜಾ, ತೊಡೆಯ ಮೇಲೆ ಬುತ್ತಿಯ ಪಾತ್ರೆ.

ಇಳಿದವನು ನನ್ನನ್ನು ನೋಡಲಿಲ್ಲ, ಮಂಚ ನೋಡಿದ. "ಇದು ಬಿಚ್ಚದೆ ಹೋಗುದಿಲ್ಲ ಶಂಕ್ರಣ್ಣ. ಸುತ್ತಿಗೆ ಎಲ್ಲುಂಟು?"

ಎರಡು ತಿಂಗಳು ಎಂಟು ದಿನದ ನಂತರ ಅವನು ಆಡಿದ ಮೊದಲ ಮಾತು ಇದು. ಸುತ್ತಿಗೆ ತಂದುಕೊಟ್ಟೆ.

ಹೊಸ ಖೋಲಿ ಮೊದಲ ಮಹಡಿಯಲ್ಲಿ, ಮೂಲೆಯದು. ಒಂದೇ ಖೋಲಿ, ಆದರೆ ಕಿಟಕಿಗೆ ಗಾಳಿ ಚೆನ್ನಾಗಿ ಬರುತ್ತದೆ. ನಾಗವ್ವ ಒಳಗೆ ನಿಂತು ಒಂದು ಸುತ್ತು ತಿರುಗಿ, ಒಲೆ ಇಲ್ಲಿ, ಸರೂನ ಪುಸ್ತಕ ಇಲ್ಲಿ ಎಂದು ಕೈತೋರಿಸಿ ಮನೆ ಮಾಡಿಬಿಟ್ಟಳು. ನಾವಿಬ್ಬರು ಕೆಳಗಿಂದ ಮೇಲಕ್ಕೆ ಸಾಮಾನು ಹೊತ್ತೆವು. ಮೆಟ್ಟಿಲ ತಿರುವಿನಲ್ಲಿ ಮಂಚದ ಚೌಕಟ್ಟು ಸಿಕ್ಕಿಕೊಂಡಿತು. ಎರಡು ಕಡೆ ಇಬ್ಬರೂ ಹಿಡಿದು ನಿಂತೆವು, ನಡುವೆ ಮಂಚ.

"ಶಂಕ್ರಣ್ಣ," ಎಂದ ಆ ಕಡೆಯಿಂದ. "ಅಂಧೇರಿ ಠಾಣೆಗೆ ನಂಗೆ ಎರಡು ಸಲ ಕೆಲಸ ಬಿತ್ತು. ಬೇರೆಯವರನ್ನು ಕಳಿಸಿದೆ. ಬಂದ್ರೆ ನೀವು ನಂಗೆ ಸಲಾಂ ಹೊಡಿಲಿಕ್ಕುಂಟಲ್ಲ. ನನ್ನಿಂದ ನೋಡ್ಲಿಕ್ಕೆ ಆಗುದಿಲ್ಲ."

"ನೀ ಬಾ," ಎಂದೆ. "ನೀ ಬರೂದ ನೋಡ್ಲಿಕ್ಕ ನನಗ ಆಗ್ತದ. ಹೊಡೀತೀನಿ. ಒಳ್ಳೇ ಮನಸ್ಸಿಲೆ ಹೊಡೀತೀನಿ."

ಆ ಕಡೆಯಿಂದ ಮೂಗು ಒರೆಸಿಕೊಂಡ ಸದ್ದು. "ಎತ್ತಿ ಈಗ. ಎಡಕ್ಕೆ ತಿರುಗಿಸಿ," ಎಂದ. ಮಂಚ ಬಿಡಿಸಿಕೊಂಡಿತು.

ಕೊನೆಯ ಸಾಮಾನು ಇಟ್ಟು ಕೆಳಗಿಳಿದಾಗ ನೆಲಮಹಡಿಯ ಒಬ್ಬ ಹವಾಲ್ದಾರನ ಹೆಂಡತಿ ತನ್ನ ಕಪಾಟಿನ ಪಕ್ಕ ನಿಂತಿದ್ದಳು. ಅವರಿಗೂ ಮೇಲಿನ ಖೋಲಿಗೆ ಬದಲಾಗಿದೆಯಂತೆ. ಚೆನ್ನಯ ಧೂಳು ಬಡಿದು, ಬೆವರು ಸುರಿಸುತ್ತ, ತಲೆಗೆ ಟವೆಲು ಸುತ್ತಿ ನಿಂತಿದ್ದ. ಅವಳು ಅವನನ್ನು ಹಮಾಲನೆಂದೇ ತಿಳಿದು ಮರಾಠಿಯಲ್ಲಿ ಕೂಗಿದಳು, "ಏ ಭಾವೂ, ಹೇ ಕಪಾಟ್ ಪಣ್ ವರ್ ನೇತೋಸ್ ಕಾ?" ಈ ಕಪಾಟನ್ನೂ ಮೇಲೆ ಒಯ್ಯುತ್ತೀಯಾ ಎಂದು.

ನಾನು ಬಾಯಿ ತೆರೆದೆ. ಇವರು ಫೌಜದಾರ ಸಾಹೇಬರು, ಕಾಯಂ ಫೌಜದಾರರು ಎಂದು ಹೇಳಬೇಕೆಂದಿದ್ದೆ. ಚೆನ್ನಯ ನನ್ನ ಕಡೆ ತಿರುಗಿ ಕಣ್ಣಲ್ಲೇ ಬೇಡವೆಂದ. ಅವನ ಮೀಸೆಯ ಕೆಳಗೆ ನಗು ತಡೆದು ಗಲ್ಲ ಅದುರುತ್ತಿತ್ತು.

"ನೇತೋ ಬಾಯಿ," ಎಂದ. ಒಯ್ಯುತ್ತೇನೆ ತಾಯಿ.

ಆಮೇಲೆ ನನಗೆ, "ನೀವು ಆಚೆ ಬದಿ ಹಿಡೀರಿ ಮಾರಾಯ್ರೆ, ನಾನೊಬ್ಬನೇ ಎಂತ ಮಾಡುದು."

ತೇಗದ ಕಪಾಟು, ಒಳಗಿನ ಪಾತ್ರೆಗಳನ್ನೂ ತೆಗೆದಿರಲಿಲ್ಲ. ಬಹಳ ಭಾರ. ಮೆಟ್ಟಿಲಿಗೊಮ್ಮೆ ನಿಂತು, ನಕ್ಕು, ಉಸಿರು ತೆಗೆದುಕೊಂಡು, ಮತ್ತೆ ಎತ್ತಿದೆವು.